ಹಿಟ್ಟು ಗ್ಲುಟೆನ್ ಆದ ಬಗೆ: ಚೀನಾದ ಒಂದು ರಫ್ತು ಪ್ರಕರಣ

ಚೀನಾದ ಜಿಯಾಂಗ್ಸು ಪ್ರಾಂತ್ಯದಲ್ಲಿ ನಮ್ಮ ಕಿವಿಗೆ ಒಂದೇ ಥರ ಕೇಳುವ ಎರಡು ಊರುಗಳಿವೆ. ಸೂಜೌ ಇರುವುದು ದಕ್ಷಿಣದಲ್ಲಿ. ರೇಷ್ಮೆಗೆ ಹೆಸರಾದ ಊರು ಅದು. ಶ್ಯೂಜೌ ಇರುವುದು ವಾಯವ್ಯ ಮೂಲೆಯಲ್ಲಿ, ಗೋಧಿ ಬೆಳೆಯುವ ಬಯಲಿನಲ್ಲಿ. 2006ರ ನವೆಂಬರ್ 6ರಿಂದ 2007ರ ಫೆಬ್ರವರಿ 21ರ ತನಕ ಸೂಜೌದ ಒಂದು ರಫ್ತು ಕಂಪನಿಯ ಹೆಸರಿನಲ್ಲಿ ಕನಿಷ್ಠ 13 ಸಲ ಅಮೆರಿಕಕ್ಕೆ ಸರಕು ಹೋಯಿತು. ಒಟ್ಟು 800 ಟನ್‌ಗಿಂತ ಜಾಸ್ತಿ. ಬಿಲ್ಲು ಸುಮಾರು 8.5 ಲಕ್ಷ ಡಾಲರ್. ಕಾಗದದಲ್ಲಿ ಬರೆದಿದ್ದ ಹೆಸರು ಗೋಧಿ ಗ್ಲುಟೆನ್.

ಕಳಿಸಿದ ಕಂಪನಿಯ ಹೆಸರು ಸೂಜೌ ಟೆಕ್ಸ್‌ಟೈಲ್ಸ್, ಸಿಲ್ಕ್, ಲೈಟ್ ಇಂಡಸ್ಟ್ರಿಯಲ್ ಪ್ರಾಡಕ್ಟ್ಸ್, ಆರ್ಟ್ಸ್ ಅಂಡ್ ಕ್ರಾಫ್ಟ್ಸ್. ಬಟ್ಟೆ, ರೇಷ್ಮೆ, ಕರಕುಶಲ ವಸ್ತುಗಳ ಹೆಸರು ಹೊತ್ತ ಕಂಪನಿ ಗ್ಲುಟೆನ್ ಯಾಕೆ ಕಳಿಸಿತು? ಅದು ಮಧ್ಯವರ್ತಿ, ಅಷ್ಟೇ. ಸರಕು ಬಂದಿದ್ದು ಶ್ಯೂಜೌದ ಅನ್‌ಯಿಂಗ್ ಬಯಾಲಜಿಕ್ ಟೆಕ್ನಾಲಜಿ ಎಂಬ ಕಂಪನಿಯಿಂದ. ಮಧ್ಯವರ್ತಿಯ ಮೂಲಕ ರಫ್ತು ಮಾಡುವುದರಲ್ಲಿ ತಪ್ಪೇನೂ ಇಲ್ಲ, ವ್ಯಾಪಾರದಲ್ಲಿ ಅದು ದಿನನಿತ್ಯದ ಸಂಗತಿ. ಆದರೆ ಈ ಸರಕಿಗೆ ರಫ್ತಿಗೆ ಮುಂಚಿನ ಕಡ್ಡಾಯ ತಪಾಸಣೆ ಬೇಕಿಲ್ಲ ಅಂತ ಚೀನಾ ಸರ್ಕಾರಕ್ಕೆ ಸುಳ್ಳು ಹೇಳಿ ಸಾಗಿಸಿದರು ಎಂದು ಮುಂದೆ ಅಮೆರಿಕದ ಆರೋಪಪಟ್ಟಿ ಹೇಳಿತು. ಅಂದರೆ ಚೀನಾದ ಬಂದರಿನಲ್ಲಿ ಚೀಲ ಬಿಚ್ಚಿ ನೋಡುವ ಪ್ರಸಂಗವೇ ಬರಲಿಲ್ಲ.

ಬಿಚ್ಚಿದ್ದರೆ ಏನು ಕಾಣುತ್ತಿತ್ತು ಅನ್ನುವುದಕ್ಕೆ ಮೊದಲು, ಗ್ಲುಟೆನ್ ಅಂದರೆ ಏನು ಅಂತ ಹೇಳಬೇಕು.

ನಮ್ಮ ಅಡುಗೆಮನೆಯಿಂದಲೇ ಶುರು ಮಾಡೋಣ. ಗೋಧಿ ಹಾಲುಬಾಯಿ ಮಾಡುವಾಗ ಗೋಧಿ ನೆನೆಸಿ, ರುಬ್ಬಿ, ಬಟ್ಟೆಯಲ್ಲಿ ಹಿಂಡಿ ಹಾಲು ತೆಗೆಯುತ್ತೇವೆ. ಆ ಹಾಲಿಗೆ ಬೆಲ್ಲ ಹಾಕಿ ಕಾಸುತ್ತೇವೆ. ಹಾಲು ಅಂದರೆ ಹೆಚ್ಚು ಪಾಲು ಪಿಷ್ಟ. ಬಟ್ಟೆಯಲ್ಲಿ ಉಳಿಯುತ್ತದಲ್ಲ, ಕೈಗೆ ಅಂಟುವ ಜಿಗುಟು ಚರಟ, ಅದರಲ್ಲಿ ಹೊಟ್ಟಿನ ಜೊತೆ ಗ್ಲುಟೆನ್ ಇರುತ್ತದೆ. ನಮ್ಮಮ್ಮ ಅದನ್ನು ದನದ ಕಲಗಚ್ಚಿಗೆ ಹಾಕುತ್ತಿದ್ದರು. ಮೈದಾ ಹಿಟ್ಟನ್ನು ಗಟ್ಟಿಯಾಗಿ ಕಲಸಿ, ಸ್ವಲ್ಪ ಹೊತ್ತು ಬಿಟ್ಟು, ನಲ್ಲಿ ಕೆಳಗೆ ಹಿಸುಕುತ್ತಾ ತೊಳೆದರೆ ಇನ್ನೂ ಚೆನ್ನಾಗಿ ಗೊತ್ತಾಗುತ್ತದೆ. ಮೊದಲು ಬಿಳಿ ನೀರು ಹರಿಯುತ್ತದೆ. ನೀರು ತಿಳಿಯಾಗುವ ಹೊತ್ತಿಗೆ ಕೈಯಲ್ಲಿ ರಬ್ಬರಿನ ಹಾಗೆ ಎಳೆಯುವ ಸಣ್ಣ ಉಂಡೆ ಉಳಿದಿರುತ್ತದೆ. ಅದೇ ಗ್ಲುಟೆನ್.

ಕಾರ್ಖಾನೆಯಲ್ಲೂ ಮೂಲ ಕೆಲಸ ಇದೇ. ಹಿಟ್ಟು ಕಲಸಿ ತೊಳೆದು ಪಿಷ್ಟವನ್ನು ಬೇರೆ ಮಾಡುತ್ತಾರೆ. ಉಳಿದ ಹಸಿ ಗ್ಲುಟೆನ್ ಅನ್ನು ಬಿಸಿ ಗಾಳಿಯಲ್ಲಿ ಒಣಗಿಸಿ ಪುಡಿ ಮಾಡುತ್ತಾರೆ. ಒಣಗಿಸುವುದೇ ನಾಜೂಕಿನ ಕೆಲಸ. ಬಿಸಿ ಜಾಸ್ತಿಯಾದರೆ ಗ್ಲುಟೆನ್ ಸತ್ತ ಹಾಗೆ, ಆಮೇಲೆ ನೀರು ಹಾಕಿದರೂ ಎಳೆ ಬರುವುದಿಲ್ಲ. ಹದವಾಗಿ ಒಣಗಿದ್ದರೆ ಪುಡಿಗೆ ನೀರು ತಾಗಿದ ಕೂಡಲೇ ಮತ್ತೆ ರಬ್ಬರಿನ ಹಾಗೆ ಆಗುತ್ತದೆ. ಬ್ರೆಡ್ಡಿನ ಹಿಟ್ಟಿಗೆ ಬಲ ಕೊಡುವುದು ಇದೇ ಗುಣ. ನಾಯಿ ಬೆಕ್ಕುಗಳ ಡಬ್ಬಿ ಊಟದಲ್ಲಿ ಮಾಂಸದ ಚೂರುಗಳನ್ನು ಹಿಡಿದಿಡುವುದಕ್ಕೂ, ರಸ ಗಟ್ಟಿಯಾಗುವುದಕ್ಕೂ ಗ್ಲುಟೆನ್ ಬೇಕು.

ಚೀನಾದಲ್ಲಿ ಗ್ಲುಟೆನ್ ಹೊಸ ಪದಾರ್ಥ ಅಲ್ಲ. ಬೌದ್ಧ ಮಠಗಳ ಸಸ್ಯಾಹಾರಿ ಅಡುಗೆಯಲ್ಲಿ ಮಾಂಸದ ಬದಲಿಗೆ ಅದನ್ನು ಶತಮಾನಗಳಿಂದ ಬಳಸುತ್ತಾ ಬಂದಿದ್ದಾರೆ. ಮಿಯನ್‌ಜಿನ್ ಅಂತಾರೆ. ಜಗತ್ತಿನಲ್ಲಿ ಅತಿ ಹೆಚ್ಚು ಗೋಧಿ ಬೆಳೆಯುವ ದೇಶ ಅದು. ಹೆನಾನ್, ಶಾನ್‌ಡಾಂಗ್, ಹೆಬೇ, ಜಿಯಾಂಗ್ಸು, ಆನ್‌ಹುಯಿ ಪ್ರಾಂತ್ಯಗಳ ಬಯಲಿನಲ್ಲಿ ಗೋಧಿಯೂ ಇದೆ, ಗೋಧಿ ಪಿಷ್ಟದ ಕಾರ್ಖಾನೆಗಳೂ ಇವೆ. ಪಿಷ್ಟ ತೆಗೆದಲ್ಲಿ ಗ್ಲುಟೆನ್ ಬಂದೇ ಬರುತ್ತದೆ. ಊರಿನಲ್ಲಿ ಖರ್ಚಾಗದಿದ್ದರೆ ಹೊರಗೆ ಮಾರಬೇಕು.

ಅಮೆರಿಕ ಈ ಪುಡಿಯ ದೊಡ್ಡ ಗಿರಾಕಿ. ಅದಕ್ಕೊಂದು ಹಿನ್ನೆಲೆ ಇದೆ. 1998ರ ಜೂನ್‌ನಲ್ಲಿ ತನ್ನ ಗ್ಲುಟೆನ್ ಕಾರ್ಖಾನೆಗಳನ್ನು ಉಳಿಸಿಕೊಳ್ಳಲು ಅಮೆರಿಕ ಆಮದಿನ ಮೇಲೆ ಮೂರು ವರ್ಷದ ಮಿತಿ ಹಾಕಿತು. ಯುರೋಪಿನವರು ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಕೊಟ್ಟರು. 2000ದ ಡಿಸೆಂಬರ್‌ನಲ್ಲಿ ಮೇಲ್ಮನವಿಯಲ್ಲೂ ಅಮೆರಿಕ ಸೋತಿತು. 2001ರಲ್ಲಿ ಮಿತಿ ಹೋಯಿತು. ಆಮೇಲೆ ಯಾರು ಕಡಿಮೆ ಬೆಲೆಗೆ ಕೊಡುತ್ತಾರೋ ಅವರಿಗೆ ಬಾಗಿಲು ತೆರೆದಿತ್ತು.

ಬೆಕ್ಕುಗಳು

ಕೆನಡಾದ ಒಂಟಾರಿಯೊದಲ್ಲಿ ಮೆನು ಫುಡ್ಸ್ ಅಂತ ಒಂದು ಕಂಪನಿ ಇತ್ತು. ಬೇರೆಯವರ ಬ್ರ್ಯಾಂಡಿಗೆ ನಾಯಿ ಬೆಕ್ಕಿನ ಡಬ್ಬಿ ಊಟ ಮಾಡಿಕೊಡುವುದು ಅದರ ಕೆಲಸ. ದುಬಾರಿ ಡಬ್ಬಿಯೂ ಅಗ್ಗದ ಡಬ್ಬಿಯೂ ಒಂದೇ ಕಾರ್ಖಾನೆಯಿಂದ ಬರುತ್ತಿದ್ದವು. ಅಮೆರಿಕದಲ್ಲಿ ಕ್ಯಾನ್ಸಸ್‌ನ ಎಂಪೋರಿಯಾ ಮತ್ತು ನ್ಯೂಜೆರ್ಸಿಯ ಪೆನ್ಸಾಕೆನ್‌ನಲ್ಲಿ ಅದರ ಕಾರ್ಖಾನೆಗಳಿದ್ದವು. ಲಾಸ್ ವೇಗಸ್‌ನ ಕೆಮ್‌ನ್ಯೂಟ್ರಾ ಎಂಬ ಆಮದು ಕಂಪನಿ ಚೀನಾದಿಂದ ತರಿಸಿದ ಗ್ಲುಟೆನ್ ಇಲ್ಲಿಗೆ ಬಂತು.

2007ರ ಫೆಬ್ರವರಿಯ ಕೊನೆ ಭಾಗದಲ್ಲಿ ದೂರುಗಳು ಬರತೊಡಗಿದವು. ಬೆಕ್ಕು ಊಟ ಬಿಟ್ಟಿದೆ, ವಾಂತಿ ಮಾಡುತ್ತಿದೆ, ನೀರು ಕುಡಿದದ್ದೇ ಕುಡಿದದ್ದು, ಆಮೇಲೆ ಮೂತ್ರ ನಿಂತುಹೋಗಿದೆ. ಕಂಪನಿ ರುಚಿ ನೋಡಿಸಲು ಇಟ್ಟಿದ್ದ ಬೆಕ್ಕುಗಳೂ ಸತ್ತವು. ಮಾರ್ಚ್ 16ರಂದು ಕಂಪನಿ 6 ಕೋಟಿ ಡಬ್ಬಿ ಮತ್ತು ಪೊಟ್ಟಣಗಳನ್ನು ವಾಪಸ್ ಕರೆಯಿತು. ಡಿಸೆಂಬರ್ 3ರಿಂದ ಮಾರ್ಚ್ 6ರ ತನಕ ತಯಾರಾದ ಮಾಲು ಅದು. ಅಮೆರಿಕದ ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎಗೆ ಜನರಿಂದ ಬಂದ ದೂರುಗಳು 17 ಸಾವಿರ ದಾಟಿದವು.

ಸಾಕಿದವರ ಸಂಕಟ ನೆನೆದರೆ ಹೊಟ್ಟೆ ಉರಿಯುತ್ತದೆ. ತಾವೇ ಕೈಯಾರೆ ಡಬ್ಬಿ ತೆರೆದು ಬಡಿಸಿದ ಊಟ ಅದು. ಹುಷಾರಿಲ್ಲದ ಬೆಕ್ಕು ಏನಾದರೂ ತಿನ್ನಲಿ ಅಂತ ಅದೇ ಊಟವನ್ನು ಇನ್ನೊಂದಿಷ್ಟು ಇಟ್ಟವರೂ ಇರುತ್ತಾರೆ, ಅಲ್ವಾ?

ಮೊದಲಿಗೆ ಹುಡುಕಾಟ ತಪ್ಪು ದಾರಿ ಹಿಡಿಯಿತು. ಮಾರ್ಚ್ 23ರಂದು ನ್ಯೂಯಾರ್ಕ್ ರಾಜ್ಯದ ಪ್ರಯೋಗಾಲಯ ಇಲಿಪಾಷಾಣವಾಗಿ ಬಳಕೆಯಾಗುವ ಅಮಿನಾಪ್ಟೆರಿನ್ ಸಿಕ್ಕಿದೆ ಎಂದಿತು. ಬೇರೆ ಪ್ರಯೋಗಾಲಯಗಳಲ್ಲಿ ಅದು ಖಚಿತವಾಗಲಿಲ್ಲ. ಮಾರ್ಚ್ 30ರಂದು ಎಫ್‌ಡಿಎ ಬೇರೆ ಹೆಸರು ಹೇಳಿತು: ಮೆಲಮೈನ್. ಡಬ್ಬಿ ಊಟದಲ್ಲೂ ಇತ್ತು, ಶ್ಯೂಜೌದ ಗ್ಲುಟೆನ್‌ನಲ್ಲೂ ಇತ್ತು.

ಮೆಲಮೈನ್ ನಮಗೆ ಗೊತ್ತಿರುವ ವಸ್ತುವೇ. ಬಿದ್ದರೂ ಒಡೆಯದ ಮೆಲಮೈನ್ ತಟ್ಟೆಗಳು ಎಷ್ಟೋ ಮನೆಗಳಲ್ಲಿವೆ. ಮೇಜಿನ ಮೇಲಿನ ಲ್ಯಾಮಿನೇಟ್ ಹಾಳೆಗೂ ಅದು ಬೇಕು. ಯೂರಿಯಾದಿಂದ ತಯಾರಾಗುತ್ತದೆ. ಆದರೆ ತಟ್ಟೆಯ ವಸ್ತು ಬೆಕ್ಕಿನ ಊಟಕ್ಕೆ ಹೇಗೆ ಬಂತು?

1883ರ ಪರೀಕ್ಷೆ

ಗ್ಲುಟೆನ್‌ಗೆ ಬೆಲೆ ಕಟ್ಟುವುದು ಅದರಲ್ಲಿ ಪ್ರೋಟೀನ್ ಎಷ್ಟಿದೆ ಅಂತ ನೋಡಿ. ಈ ವ್ಯಾಪಾರದ ಒಪ್ಪಂದದಲ್ಲಿದ್ದದ್ದು ಕನಿಷ್ಠ 75%. ಸಾದಾ ಗೋಧಿ ಹಿಟ್ಟಿನಲ್ಲಿ ಇರುವುದು ಸುಮಾರು 10ರಿಂದ 12%. ಎರಡರ ಬೆಲೆಗೂ ಬಹಳ ಅಂತರ.

ಪ್ರೋಟೀನ್ ಅಳೆಯುವ ಹಳೆಯ ವಿಧಾನವನ್ನು ಕಂಡುಹಿಡಿದವರು ಯೋಹಾನ್ ಕೆಲ್ದಾಲ್. 1883ರಲ್ಲಿ, ಕೋಪನ್‌ಹೇಗನ್‌ನ ಕಾರ್ಲ್ಸ್‌ಬರ್ಗ್ ಬಿಯರ್ ಕಂಪನಿಯ ಪ್ರಯೋಗಾಲಯದಲ್ಲಿ. ಮಾದರಿಯನ್ನು ಗಂಧಕಾಮ್ಲದಲ್ಲಿ ಕುದಿಸಿ ಕರಗಿಸಬೇಕು. ಅದರಲ್ಲಿರುವ ಸಾರಜನಕ ಅಮೋನಿಯಾ ಆಗಿ ಹೊರಬರುತ್ತದೆ. ಅದನ್ನು ಹಿಡಿದು ಅಳೆಯಬೇಕು. ಬಂದ ಸಾರಜನಕವನ್ನು 6.25ರಿಂದ ಗುಣಿಸಿದರೆ ಪ್ರೋಟೀನ್ ಸಿಕ್ಕಿತು. ಗೋಧಿಗೆ 5.7ರಿಂದ ಗುಣಿಸುವುದೂ ಉಂಟು. ಸುಲಭ, ಅಗ್ಗ, ನಂಬಿಕಸ್ಥ ಪರೀಕ್ಷೆ. ನೂರಕ್ಕೂ ಹೆಚ್ಚು ವರ್ಷದಿಂದ ಧಾನ್ಯ, ಹಾಲು, ಮೇವು ಎಲ್ಲದಕ್ಕೂ ಇದೇ.

ಇದರಲ್ಲಿ ಒಂದು ತೂತು ಇದೆ. ಈ ಪರೀಕ್ಷೆ ಪ್ರೋಟೀನ್ ಅನ್ನು ನೋಡುವುದೇ ಇಲ್ಲ. ನೋಡುವುದು ಸಾರಜನಕವನ್ನು. ಆ ಸಾರಜನಕ ಗೋಧಿಯಿಂದ ಬಂತೋ, ಪ್ಲಾಸ್ಟಿಕ್ಕಿನ ಕಚ್ಚಾವಸ್ತುವಿನಿಂದ ಬಂತೋ ಅದಕ್ಕೆ ಗೊತ್ತಾಗುವುದಿಲ್ಲ. ಮೆಲಮೈನ್‌ನ ತೂಕದಲ್ಲಿ ಮೂರನೇ ಎರಡು ಭಾಗ ಸಾರಜನಕವೇ. 6.25ರಿಂದ ಗುಣಿಸಿ ನೋಡಿ. ಶುದ್ಧ ಮೆಲಮೈನ್‌ನಲ್ಲಿ 416% ಪ್ರೋಟೀನ್ ಇದೆ ಅಂತ ಉತ್ತರ ಬರುತ್ತದೆ! 100 ಕೆಜಿ ಹಿಟ್ಟಿಗೆ ಒಂದೇ ಒಂದು ಕೆಜಿ ಬೆರೆಸಿದರೂ ವರದಿಯಲ್ಲಿ ಪ್ರೋಟೀನ್ ಸುಮಾರು 4 ಅಂಕ ಮೇಲೇರುತ್ತದೆ. ಬಣ್ಣ ಬಿಳಿ. ಮೂಗಿಗೆ ಪತ್ತೆಯಾಗುವಂಥ ವಾಸನೆಯೂ ಇಲ್ಲ.

ಏಪ್ರಿಲ್ ಕೊನೆಗೆ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಶಾನ್‌ಡಾಂಗ್‌ನಿಂದ ವರದಿ ಮಾಡಿತು. ಮೇವಿನ ಪುಡಿಗೆ ಮೆಲಮೈನ್‌ನ ಗಸಿ ಬೆರೆಸುವುದು ಅಲ್ಲಿ ಎಲ್ಲರಿಗೂ ಗೊತ್ತಿದ್ದ ಗುಟ್ಟಾಗಿತ್ತು. ಶುದ್ಧ ಮೆಲಮೈನ್ ದುಬಾರಿ. ಅದನ್ನು ತಯಾರಿಸಿದ ಮೇಲೆ ಉಳಿಯುವ ಗಸಿ ಅಗ್ಗ. ಶ್ಯೂಜೌದ ಕಂಪನಿ ಇಂಥ ಗಸಿ ಬೇಕು ಅಂತ ಇಂಟರ್ನೆಟ್‌ನಲ್ಲಿ ಜಾಹೀರಾತನ್ನೇ ಹಾಕಿತ್ತು. ಮುಚ್ಚಿಟ್ಟು ಮಾಡಿದ ಕೆಲಸವೂ ಅಲ್ಲ ಇದು.

ಗಸಿ ಅಂದೆನಲ್ಲ, ಬೆಕ್ಕುಗಳ ಜೀವ ಹೋದದ್ದೂ ಅದರಿಂದಲೇ ಅನ್ನಬಹುದು. ಬರೀ ಮೆಲಮೈನ್ ಅಷ್ಟು ಕಡಿಮೆ ಪ್ರಮಾಣದಲ್ಲಿ ಹೊಟ್ಟೆಗೆ ಹೋದರೆ ಹೆಚ್ಚಿನದು ಮೂತ್ರದಲ್ಲಿ ಹೊರಹೋಗುತ್ತದೆ. ಆದರೆ ಆ ಪುಡಿಯಲ್ಲಿ ಸಯನ್ಯೂರಿಕ್ ಆಸಿಡ್ ಕೂಡ ಇತ್ತು. ಮೆಲಮೈನ್‌ನ ಹತ್ತಿರದ ನೆಂಟ ಅದು. ಈಜುಕೊಳದ ಕ್ಲೋರಿನ್ ಬೇಗ ಹಾಳಾಗದಿರಲಿ ಅಂತ ಹಾಕುತ್ತಾರೆ. ಇವೆರಡೂ ಕಿಡ್ನಿಯ ಸಣ್ಣ ನಾಳಗಳಲ್ಲಿ ಒಟ್ಟುಗೂಡಿದರೆ ಕರಗದ ಹರಳು ಕಟ್ಟುತ್ತದೆ. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಡೇವಿಸ್ ಕೇಂದ್ರದವರು ಅದೇ ವರ್ಷ ಬೆಕ್ಕುಗಳಲ್ಲಿ ಇದನ್ನು ಪರೀಕ್ಷಿಸಿದರು. ಒಂದೊಂದನ್ನೇ ಕೊಟ್ಟಾಗ ಕಿಡ್ನಿಗೆ ಏನೂ ಆಗಲಿಲ್ಲ. ಎರಡನ್ನೂ ಸೇರಿಸಿ ಕೊಟ್ಟಾಗ ಕಿಡ್ನಿ ನಿಂತುಹೋಯಿತು.

ಇನ್ನೊಂದು ಸಂಗತಿ ಆಗಲೇ ಹೊರಬಂತು. 2004ರಲ್ಲಿ ಏಷ್ಯಾದ ಕೆಲವು ದೇಶಗಳಲ್ಲಿ ಎಷ್ಟೋ ನಾಯಿಗಳಿಗೆ ಕಿಡ್ನಿ ಕೆಟ್ಟಿತ್ತು. ಆಗ ಬೂಷ್ಟಿನ ವಿಷ ಕಾರಣ ಅಂದುಕೊಂಡು ಸುಮ್ಮನಾಗಿದ್ದರು. 2007ರಲ್ಲಿ ಹಳೆಯ ಮಾದರಿಗಳನ್ನು ತೆಗೆದು ನೋಡಿದರೆ ಅವೇ ಹರಳುಗಳು. ಮೂರು ವರ್ಷ ಮೊದಲೇ ಸುಳಿವು ಕೈಯಲ್ಲಿತ್ತು.

ಚೀಲದಲ್ಲಿದ್ದದ್ದು

ಏಪ್ರಿಲ್ ಮೊದಲಲ್ಲಿ ಚೀನಾದ ಅಧಿಕಾರಿಗಳು, ನಾವು ಅಮೆರಿಕಕ್ಕೆ ಗೋಧಿ ಗ್ಲುಟೆನ್ ಕಳಿಸಿಯೇ ಇಲ್ಲ ಎಂದರು. ಆಮೇಲೆ ಒಪ್ಪಿಕೊಂಡರು. ತಿಂಗಳ ಕೊನೆಗೆ ಆಹಾರದಲ್ಲಿ ಮೆಲಮೈನ್ ಬೆರೆಸುವುದನ್ನು ನಿಷೇಧಿಸಿದರು. ಅಷ್ಟರಲ್ಲಿ ಶಾನ್‌ಡಾಂಗ್‌ನ ಬಿನ್‌ಜೌ ಫುಟಿಯನ್ ಎಂಬ ಇನ್ನೊಂದು ಕಂಪನಿ ಕಳಿಸಿದ್ದ ಅಕ್ಕಿ ಪ್ರೋಟೀನ್ ಪುಡಿಯಲ್ಲೂ ಮೆಲಮೈನ್ ಸಿಕ್ಕಿತ್ತು. ಎಫ್‌ಡಿಎ ತನಿಖೆಗಾರರು ಚೀನಾಕ್ಕೆ ಹೋಗಿ ನೋಡುವ ಹೊತ್ತಿಗೆ ಎರಡೂ ಕಡೆ ಬಾಗಿಲು ಹಾಕಿತ್ತು, ಯಂತ್ರಗಳನ್ನು ಬಿಚ್ಚಿ ಸಾಗಿಸಿದ್ದರು. ಇಬ್ಬರೂ ಮುಖ್ಯಸ್ಥರನ್ನು ಚೀನಾದ ಪೊಲೀಸರು ಹಿಡಿದರು.

ನನ್ನ ಮಟ್ಟಿಗೆ ಈ ಪ್ರಕರಣದ ನಿಜವಾದ ದಿನ ಮೇ 8. ಅವತ್ತು ಎಫ್‌ಡಿಎ ಇನ್ನೊಂದು ಫಲಿತಾಂಶ ಹೇಳಿತು. ಗೋಧಿ ಗ್ಲುಟೆನ್ ಅಂತ ಬಂದದ್ದು ಗ್ಲುಟೆನ್ ಅಲ್ಲವೇ ಅಲ್ಲ. ಅದು ಗೋಧಿ ಹಿಟ್ಟು. ಅಕ್ಕಿ ಪ್ರೋಟೀನ್ ಅಂತ ಬಂದದ್ದೂ ಗೋಧಿ ಹಿಟ್ಟೇ. ಒಳ್ಳೆ ಗ್ಲುಟೆನ್‌ಗೆ ಯಾರೋ ವಿಷ ಬೆರೆಸಿದ್ದಲ್ಲ. ಗ್ಲುಟೆನ್ ತೆಗೆಯುವ ಗೋಜಿಗೇ ಹೋಗದೆ, ಹಿಟ್ಟಿಗೆ ಮೆಲಮೈನ್ ಹಾಕಿ, ಅಂಕಿ ಏರಿಸಿ ಕಳಿಸಿದ್ದರು.

ಈ ಪ್ರಕರಣದ ಬಗ್ಗೆ ಮಾತಾಡುವವರು ಜಾಸ್ತಿ ಕೇಳುವುದು, ಮೆಲಮೈನ್ ಯಾಕೆ ಪತ್ತೆಯಾಗಲಿಲ್ಲ ಅಂತ. ನನಗೆ ಆ ಪ್ರಶ್ನೆಯೇ ಸರಿ ಅನ್ನಿಸುವುದಿಲ್ಲ. ಹಿಟ್ಟಿನ ಚೀಲದಲ್ಲಿ ತಟ್ಟೆಯ ವಸ್ತು ಇದೆಯೇ ಅಂತ ಯಾರೂ ಹುಡುಕುವುದಿಲ್ಲ, ಹುಡುಕಬೇಕಿತ್ತು ಅನ್ನುವುದೂ ನ್ಯಾಯವಲ್ಲ. ಕೇಳಬೇಕಾದದ್ದು ಬೇರೆ. ಇದು ಗ್ಲುಟೆನ್ ಹೌದೋ ಅಲ್ಲವೋ? ಆ ಪ್ರಶ್ನೆಗೆ ದುಬಾರಿ ಯಂತ್ರ ಬೇಡ. ಒಂದು ಬಟ್ಟಲು, ಒಂದು ಲೋಟ ನೀರು ಸಾಕು. ಗ್ಲುಟೆನ್ ಪುಡಿ ನೀರಿಗೆ ಬಿದ್ದರೆ ರಬ್ಬರಿನಂತೆ ಗಟ್ಟಿಯಾಗುತ್ತದೆ. ಹಿಟ್ಟಾದರೆ ಸಾದಾ ಕಣಕ ಆಗುತ್ತದೆ, ತೊಳೆದರೆ ಬಿಳಿ ನೀರು ಬಿಡುತ್ತದೆ. ಚಪಾತಿ ಹಿಟ್ಟು ಕಲಸುವ ಯಾರ ಕೈಗೂ ಇದು ಕ್ಷಣದಲ್ಲಿ ಗೊತ್ತಾಗುತ್ತದೆ.

800 ಟನ್ ಸರಕು ಅಷ್ಟು ಕೈ ದಾಟಿತು. ಕಾರ್ಖಾನೆ, ರಫ್ತು ಕಂಪನಿ, ಆಮದು ಕಂಪನಿ, ಡಬ್ಬಿ ಕಂಪನಿ. ಸರಕು ನಿಜವಾಗಿ ಏನು ಅನ್ನುವ ಮಾತು ಯಾರೂ ಎತ್ತಲಿಲ್ಲ. ಅವರು ಕೊಂಡದ್ದು, ಮಾರಿದ್ದು ಕಾಗದದ ಮೇಲಿನ ಅಂಕಿಯನ್ನು. ಅಂಕಿ 75 ದಾಟಿದ್ದರೆ ವ್ಯವಹಾರ ಸರಿ. ಆ ಅಂಕಿಯನ್ನು ಪ್ರೋಟೀನ್ ಅಂತ ಎಲ್ಲರೂ ಕರೆದರು, ಆದರೆ ಅಳೆದದ್ದು ಸಾರಜನಕ. ಶ್ಯೂಜೌದವರು ಅದನ್ನು ಚೆನ್ನಾಗಿ ಅರಿತು ಅಳತೆಗೆ ತಕ್ಕ ಮಾಲನ್ನೇ ಕೊಟ್ಟರು. ಪ್ರೋಟೀನ್ ಪ್ರಮಾಣ ಒಪ್ಪಂದಕ್ಕೆ ಸರಿಹೊಂದಲಿ ಅಂತ ಮೆಲಮೈನ್ ಬೆರೆಸಿದ್ದರು ಎಂದು ಚೀನಾದ ಗುಣಮಟ್ಟ ತಪಾಸಣಾ ಇಲಾಖೆ ಮೇ ತಿಂಗಳಲ್ಲಿ ತಾನೇ ಹೇಳಿತು.

2008ರ ಫೆಬ್ರವರಿ 6ರಂದು ಅಮೆರಿಕದ ಕ್ಯಾನ್ಸಸ್ ಸಿಟಿಯಲ್ಲಿ ಗ್ರ್ಯಾಂಡ್ ಜ್ಯೂರಿ (ಆರೋಪ ಹೊರಿಸಬೇಕೇ ಅಂತ ತೀರ್ಮಾನಿಸುವ ನಾಗರಿಕರ ಮಂಡಳಿ) ಸೂಜೌ ಮತ್ತು ಶ್ಯೂಜೌದ ಎರಡು ಕಂಪನಿಗಳ ಮೇಲೂ, ಕೆಮ್‌ನ್ಯೂಟ್ರಾ ಮತ್ತು ಅದರ ಮಾಲೀಕ ದಂಪತಿಯ ಮೇಲೂ ಆರೋಪ ಹೊರಿಸಿತು. ಆರೋಪಿಗಳನ್ನು ಒಪ್ಪಿಸುವ ಒಪ್ಪಂದ ಚೀನಾ ಮತ್ತು ಅಮೆರಿಕದ ನಡುವೆ ಇಲ್ಲ. ದಂಪತಿ 2009ರಲ್ಲಿ ತಪ್ಪೊಪ್ಪಿಕೊಂಡರು. ಕಲಬೆರಕೆ ಆಹಾರ ಮಾರಿದ್ದು, ತಪ್ಪು ಲೇಬಲ್ಲಿನ ಆಹಾರ ಮಾರಿದ್ದು, ಎರಡೂ ಸಣ್ಣ ಅಪರಾಧಗಳ ಪಟ್ಟಿಯಲ್ಲಿ ಬರುವಂಥವು. 2010ರ ಫೆಬ್ರವರಿಯಲ್ಲಿ ಶಿಕ್ಷೆಯಾಯಿತು. ಜೈಲಿಲ್ಲ, ಮೂರು ವರ್ಷ ನಿಗಾ. ಕಂಪನಿಗೆ 25,000 ಡಾಲರ್ ದಂಡ, ಗಂಡ ಹೆಂಡತಿಗೆ ತಲಾ 5,000. ಪ್ರಾಣಿ ಕಳೆದುಕೊಂಡವರ ಮೊಕದ್ದಮೆ 2.4 ಕೋಟಿ ಡಾಲರ್‌ಗೆ ರಾಜಿಯಾಯಿತು. ಚಿಕಿತ್ಸೆಯ ಬಿಲ್ಲಿಗೆ ದುಡ್ಡು ಸಿಕ್ಕಿರಬಹುದು. ಬೆಕ್ಕಿಗೆ ಬೆಲೆ ಕಟ್ಟುವುದು ಹೇಗೆ?

ಹಾಲು

ಇಲ್ಲಿಗೆ ನಿಂತಿದ್ದರೆ ಇದು ನಾಯಿ ಬೆಕ್ಕಿನ ಊಟದ ಕಥೆಯಾಗಿ ಉಳಿಯುತ್ತಿತ್ತು. 2008ರ ಸೆಪ್ಟೆಂಬರ್‌ನಲ್ಲಿ ಚೀನಾದ ಹೆಬೇ ಪ್ರಾಂತ್ಯದ ಸಾನ್‌ಲು ಕಂಪನಿಯ ಮಕ್ಕಳ ಹಾಲಿನ ಪುಡಿಯಲ್ಲಿ ಮೆಲಮೈನ್ ಸಿಕ್ಕಿತು. ಆಮೇಲೆ ಬೇರೆ ಕಂಪನಿಗಳ ಪುಡಿಯಲ್ಲೂ. 6 ಕಂದಮ್ಮಗಳು ತೀರಿಕೊಂಡವು. ಹತ್ತಿರಹತ್ತಿರ 3 ಲಕ್ಷ ಮಕ್ಕಳಿಗೆ ತೊಂದರೆಯಾಯಿತು, ಎಷ್ಟೋ ಮಕ್ಕಳ ಕಿಡ್ನಿಯಲ್ಲಿ ಕಲ್ಲು.

ಚಾಳಿ ಅದೇ. ಹಾಲಿಗೆ ನೀರು ಬೆರೆಸಿದರೆ ಪ್ರೋಟೀನ್ ಇಳಿಯುತ್ತದೆ, ಡೇರಿ ವಾಪಸ್ ಕಳಿಸುತ್ತದೆ. ಇಳಿದ ಅಂಕಿಯನ್ನು ಏರಿಸಲು ಮೆಲಮೈನ್. ಹಾಲು ಸಂಗ್ರಹಿಸಿ ಕೊಡುವ ಮಧ್ಯವರ್ತಿಗಳಿಗೆ ಆ ಪುಡಿ ಸುಲಭವಾಗಿ ಸಿಗುತ್ತಿತ್ತು. ಗ್ಲುಟೆನ್ ಪ್ರಕರಣ ಆಗಿ ಒಂದೂವರೆ ವರ್ಷವೂ ಕಳೆದಿರಲಿಲ್ಲ. ನಿಷೇಧ ಜಾರಿಯಲ್ಲಿತ್ತು. ಹೀಗೆ ಆಗಬಹುದು ಅಂತ ಇಡೀ ಜಗತ್ತಿಗೆ ಗೊತ್ತಿತ್ತು. ಬೆಕ್ಕುಗಳ ಸಾವನ್ನು ರಫ್ತಿನ ಮಾನದ ಪ್ರಶ್ನೆಯಾಗಿ ನೋಡಿದರೇ ಹೊರತು, ಸಾರಜನಕದ ಪರೀಕ್ಷೆ ನಡೆಯುವ ಬೇರೆ ಜಾಗಗಳಲ್ಲೆಲ್ಲ ಇದೇ ಮೋಸ ನಡೆಯಬಹುದು ಅಂತ ಯೋಚಿಸಲಿಲ್ಲ. ಆ ಮಕ್ಕಳು ಉಳಿಯಬಹುದಿತ್ತು. ಇದನ್ನು ಬರೆಯುವಾಗ ನನಗೆ ಕೈ ಓಡುವುದಿಲ್ಲ.

ಭಾರತಕ್ಕೆ ಈ ಕಥೆ ತಾಗುವುದು ಇಲ್ಲಿಯೇ. 2008ರ ಸೆಪ್ಟೆಂಬರ್‌ನಲ್ಲೇ ನಮ್ಮ ಸರ್ಕಾರ ಚೀನಾದ ಹಾಲು ಮತ್ತು ಹಾಲಿನ ಪದಾರ್ಥಗಳ ಆಮದನ್ನು ನಿಲ್ಲಿಸಿತು. ಆ ನಿಷೇಧವನ್ನು ಮತ್ತೆ ಮತ್ತೆ ಮುಂದುವರಿಸುತ್ತಾ ಬಂದಿತು. 2019ರಲ್ಲಿ ಮುಂದುವರಿಸುವಾಗ, ಬಂದರುಗಳ ಪ್ರಯೋಗಾಲಯಗಳು ಮೆಲಮೈನ್ ಪತ್ತೆ ಮಾಡುವಷ್ಟು ಸಜ್ಜಾಗುವ ತನಕ ಎಂದು ಹೇಳಿತು. ನಮ್ಮ ಹಳ್ಳಿಗಳಲ್ಲಿ ಡೇರಿಗೆ ಹಾಲು ಹಾಕುವವರಿಗೆ ಫ್ಯಾಟ್ ಎಷ್ಟು, ಎಸ್‌ಎನ್‌ಎಫ್ (ಕೊಬ್ಬು ಬಿಟ್ಟು ಉಳಿದ ಘನ ಅಂಶ) ಎಷ್ಟು ಅನ್ನುವುದು ಬಾಯಿಪಾಠ. ದುಡ್ಡು ಬರುವುದು ಆ ಅಂಕಿಗಳ ಮೇಲೆ. ಹಾಲಿಗೆ ಯೂರಿಯಾ ಬೆರೆಸಿ ಸಿಕ್ಕಿಬಿದ್ದವರ ಸುದ್ದಿ ನಮ್ಮ ದೇಶದಲ್ಲೂ ಆಗಾಗ ಓದುತ್ತೇವೆ. ಯೂರಿಯಾವೂ ಸಾರಜನಕದ ಗಣಿಯೇ.

ಗ್ಲುಟೆನ್ ವ್ಯಾಪಾರಕ್ಕೆ ವಾಪಸ್ ಬರುತ್ತೇನೆ. 2007ರ ಏಪ್ರಿಲ್ ಕೊನೆಗೆ ಎಫ್‌ಡಿಎ ಚೀನಾದಿಂದ ಬರುವ ಎಲ್ಲ ಸಸ್ಯ ಪ್ರೋಟೀನ್‌ಗಳ ಮೇಲೆ 99-29 ಎಂಬ ಎಚ್ಚರಿಕೆ ಹೊರಡಿಸಿತು. ಗೋಧಿ, ಅಕ್ಕಿ, ಸೋಯಾ, ಜೋಳ ಯಾವುದೇ ಇರಲಿ, ಸರಕು ಬಂದರಿನಲ್ಲೇ ನಿಲ್ಲಬೇಕು. ಮೆಲಮೈನ್ ಇಲ್ಲ ಅಂತ ಆಮದುದಾರ ತೋರಿಸಿದ ಮೇಲೆ ಬಿಡುಗಡೆ. ಎರಡು ಕಂಪನಿ ಮಾಡಿದ ಮೋಸಕ್ಕೆ ಇಡೀ ದೇಶದ ಉದ್ಯಮ ಸಾಲಿನಲ್ಲಿ ನಿಂತಿತು. ಹೆನಾನ್‌ನಲ್ಲೋ ಶಾನ್‌ಡಾಂಗ್‌ನಲ್ಲೋ ನಿಯತ್ತಾಗಿ ಹಿಟ್ಟು ತೊಳೆದು, ಹದವಾಗಿ ಒಣಗಿಸಿ ಪುಡಿ ಮಾಡುವವನಿಗೆ ಅದು ಎಷ್ಟು ಕಷ್ಟ ಅಂತ ಊಹಿಸಬಹುದು. ಅವನು ಬೆಲೆ ಪೈಪೋಟಿಯಲ್ಲಿ ಮೊದಲೇ ಸೋತಿದ್ದ. ಮೆಲಮೈನ್ ಹಾಕಿದ ಹಿಟ್ಟು ಮಾರುವವನ ಜೊತೆ ಯಾರು ತಾನೆ ಗೆಲ್ಲುತ್ತಾರೆ?

ಅಮೆರಿಕದಲ್ಲಿ 2011ರ ಜನವರಿ 4ರಂದು ಹೊಸ ಆಹಾರ ಸುರಕ್ಷತಾ ಕಾಯ್ದೆಗೆ ಸಹಿ ಬಿತ್ತು. ವಿದೇಶದ ಸರಬರಾಜುದಾರ ಸರಿಯಾಗಿದ್ದಾನೆಯೇ ಅಂತ ನೋಡುವ ಹೊಣೆ ಆಮದುದಾರನ ಮೇಲೆ ಬಂತು. ಇನ್ನು ನನಗೆ ಗೊತ್ತಿಲ್ಲ ಅಂತ ಹೇಳುವುದು ಅಷ್ಟು ಸುಲಭವಲ್ಲ. 2010ರಲ್ಲಿ ಕೋಡೆಕ್ಸ್ ಎಂಬ ಅಂತರರಾಷ್ಟ್ರೀಯ ಆಹಾರ ಗುಣಮಟ್ಟ ಆಯೋಗ ಮೆಲಮೈನ್‌ಗೆ ಮಿತಿ ಹಾಕಿತು. ಮಕ್ಕಳ ಹಾಲಿನ ಪುಡಿಯಲ್ಲಿ ಕೆಜಿಗೆ 1 ಮಿಲಿಗ್ರಾಂ, ಬೇರೆ ಆಹಾರದಲ್ಲಿ 2.5 ಮಿಲಿಗ್ರಾಂ. ಗೋಧಿ ಗ್ಲುಟೆನ್‌ಗೂ ಕೋಡೆಕ್ಸ್‌ನ ಒಂದು ಪ್ರಮಾಣವಿದೆ. ಒಣ ತೂಕದಲ್ಲಿ ಪ್ರೋಟೀನ್ ಕನಿಷ್ಠ 80% ಇರಬೇಕು ಅನ್ನುತ್ತದೆ ಅದು. ಪ್ರೋಟೀನ್ ಅಂದರೆ ಏನು ಅಂತ ಅಲ್ಲೇ ಬರೆದಿದ್ದಾರೆ: ಸಾರಜನಕ ಗುಣಿಸು 6.25.